ಪೋಸ್ಟ್‌ಮ್ಯಾನ್ ಎಂ.ಪಿ. ಮತ್ತು ಜೂನ್ ಒಂದರ ಮಕ್ಕಳು

ಹೊಸಹಳ್ಳಿ

ವಿದೇಶಕ್ಕೆ ಹೋಗಿ ಬಂದವರು ಮೊದಲು ವಿಮಾನದ ಬಗ್ಗೆ ಬರೆಯುತ್ತಾರೆ. ನಾನು ವಿಮಾನದಲ್ಲಿ ಕಣ್ಣು ಬಿಟ್ಟದ್ದೇ ಕಡಿಮೆ. ಏರುವಾಗ ಕೊಟ್ಟೂರೇಶನನ್ನು ನೆನೆದು ಕಣ್ಣು ಮುಚ್ಚಿದವನು, ಪಕ್ಕದಲ್ಲಿದ್ದ ಪಂಜಾಬಿ ಅಜ್ಜ ಭುಜ ಅಲುಗಿಸಿ ಎಬ್ಬಿಸಿದ ಮೇಲೇ ತೆರೆದೆ. ಆಕಾಶದ ವರ್ಣನೆ ಬೇಕಾದವರು ಬೇರೆಯವರ ಬರಹ ಓದಿಕೊಳ್ಳಲಿ. ನಾನು ಹೇಳಹೊರಟಿರುವುದು ನೆಲದ ಮೇಲೆ ನಡೆಯುವ ಒಬ್ಬ ಮನುಷ್ಯನ ವಿಷಯ. ಇಪ್ಪತ್ತು ವರ್ಷಕ್ಕೂ ಹೆಚ್ಚು ಕಾಲ ಒಂದು ಊರಿನ ಮನೆಮನೆಗೆ ಕಾಗದ ಹಂಚಿದ ಆತ, ನಾನು ಹೋಗುವ ಆರು ವಾರ ಮುಂಚೆ ಅದೇ ಊರಿನಿಂದ ಇಂಗ್ಲೆಂಡಿನ ಪಾರ್ಲಿಮೆಂಟಿಗೆ ಆರಿಸಿ ಬಂದಿದ್ದ.

ಇದು ಎಪ್ಪತ್ತರ ದಶಕದ ನಡುವಿನ ಮಾತು. ನಾನು ಕೊಟ್ರಪ್ಪ, ಕೂಡ್ಲಿಗಿ ತಾಲ್ಲೂಕಿನ ಹೊಸಹಳ್ಳಿಯಲ್ಲಿ ಪ್ರಾಥಮಿಕ ಶಾಲೆಯ ಹೆಡ್‌ಮಾಸ್ತರ. ನನ್ನ ತಂಗಿ ಶಾರದಾ ಬಳ್ಳಾರಿಯಲ್ಲಿ ನರ್ಸ್ ಕೆಲಸ ಕಲಿತವಳು. ಕೊನೆಯ ಪರೀಕ್ಷೆ ಮುಗಿಸಿದ ವರ್ಷ ಶ್ರಾವಣದಲ್ಲಿ ಅವಳ ಮದುವೆಯಾಯಿತು. ಮರುವರ್ಷದ ಶ್ರಾವಣದಲ್ಲಿ ಮಗಳು ಉಮಾ ಹುಟ್ಟಿದಳು. ಅದರ ಮುಂದಿನ ವರ್ಷ ಗಂಡ ಕಾಮಾಲೆಯಿಂದ ತೀರಿಕೊಂಡ. ಇಂಗ್ಲೆಂಡಿನ ಆಸ್ಪತ್ರೆಗಳು ಹೊರಗಿನ ನರ್ಸುಗಳನ್ನು ಕರೆಯುತ್ತಿದ್ದ ಕಾಲವದು. ಎರಡು ವರ್ಷದ ಉಮಾಳನ್ನು ನನ್ನ ಹೆಂಡತಿ ನೀಲಮ್ಮನ ಮಡಿಲಿಗೆ ಹಾಕಿ, "ಅಲ್ಲಿ ಮನಿ ಮಾಡಿದ ಕೂಡ್ಲೆ ಕರಸ್ಕೋತೀನಿ ಅತ್ತಿಗಿ" ಎಂದು ಹೋದ ಶಾರದಾಳಿಗೆ ಏಳು ವರ್ಷವಾದರೂ ಕರೆಸಿಕೊಳ್ಳಲಾಗಲಿಲ್ಲ. ಮೊದಲು ನೆಲೆ ಇರಲಿಲ್ಲ. ನೆಲೆ ಸಿಕ್ಕ ಮೇಲೆ ಅರ್ಜಿ ಹಾಕಿದಳು. ಮದ್ರಾಸಿನಲ್ಲಿದ್ದ ಬ್ರಿಟಿಷರ ವೀಸಾ ಕಚೇರಿಗೆ ನಾನೇ ಉಮಾಳನ್ನು ಕರೆದುಕೊಂಡು ಹೋದೆ. ನನ್ನನ್ನು ಹೊರಗೆ ಕೂರಿಸಿ ಮಗುವೊಂದನ್ನೇ ಒಳಗೆ ಕರೆದು ಮಾತಾಡಿಸಿ ಕಳಿಸಿದರು. ಆಮೇಲೆ ನಮಗೆ ಬಂದದ್ದು ಒಂದೇ ಸಾಲು: ಪ್ರವೇಶ ಕೊಡಲಾಗದು. ಮೇಲ್ಮನವಿಯೂ ಬಿದ್ದುಹೋಯಿತು.

ಆಗ ಶಾರದಾ ಟಿಕೆಟ್ಟು ಕಳಿಸಿ ಕಾಗದ ಬರೆದಳು. "ಅಣ್ಣಾ, ಇಲ್ಲಿಗೆ ಹೊಸ ಎಂ.ಪಿ. ಆರಿಸಿ ಬಂದಿದ್ದಾರೆ. ಜನರ ಮಾತು ಕೇಳುತ್ತಾರಂತೆ. ಇದು ಕಡೆಯ ದಾರಿ. ಶಾಲೆಯ ದಾಖಲಾತಿ ರಿಜಿಸ್ಟರಿನ ನಕಲು ತೆಗೆದುಕೊಂಡು ನೀನೇ ಬಾ."

ಒಂದಲ್ಲ, ಮೂರು ನಕಲು ಮಾಡಿದೆ. ಮೂರಕ್ಕೂ ಸೀಲು ಒತ್ತಿ, ಹಸಿರು ಶಾಯಿಯಲ್ಲಿ ಸಹಿ ಹಾಕಿದೆ. ಎಂ.ಪಿ.ಗೆಂದು ಗಂಧದ ಹಾರವೊಂದನ್ನು ಕೊಂಡೆ. ಕೂಡ್ಲಿಗಿಯಿಂದ ಹಡಗಲಿವರೆಗೆ ಇದ್ದಬದ್ದ ನೆಂಟರೆಲ್ಲ ಬಂದು ಬುದ್ಧಿ ಹೇಳಿದರು. ಹರಪನಹಳ್ಳಿಯ ನಮ್ಮ ಸೋದರಮಾವ, "ಎಂ.ಪಿ. ಮುಂದ ಕುರ್ಚಿ ಮ್ಯಾಲೆ ಕುಂದ್ರಬ್ಯಾಡಪ್ಪ, ನಿಂತ್ಕಂಡೇ ಮಾತಾಡು, ಕೆಲ್ಸ ಆಕ್ಕತಿ" ಎಂದ. ನೀಲಮ್ಮ ರೊಟ್ಟಿ, ಶೇಂಗಾ ಚಟ್ನಿಪುಡಿ ಕಟ್ಟಿಕೊಟ್ಟಳು. ನಮಗೆ ಮಕ್ಕಳಿಲ್ಲ. ಉಮಾ ಬಂದ ಮೇಲೆ ಆ ಮಾತನ್ನು ನಮ್ಮ ಮನೆಯಲ್ಲಿ ಯಾರೂ ಆಡಿರಲಿಲ್ಲ. ಹೊರಡುವ ಹೊತ್ತಿಗೆ ನೀಲಮ್ಮ, "ಬಿಸಿನೀರ ಕುಡೀರಿ" ಎಂದಷ್ಟೇ ಹೇಳಿ ಒಳಗೆ ಹೋದಳು.

ವಿಮಾನ ನಿಲ್ದಾಣ

ಇಳಿದ ಕೂಡಲೇ ನನ್ನ ಮಾನ ಹೋಯಿತು. ಚೀಲ ತಪಾಸಣೆ ಮಾಡುವವನು ಚಟ್ನಿಪುಡಿಯ ಡಬ್ಬಿ ತೆರೆದು ಮೂಗಿನ ಹತ್ತಿರ ತಂದ. ಬೇಡಪ್ಪಾ ಎನ್ನಲು ನನಗೆ ಇಂಗ್ಲಿಷು ಬೇಗ ಬರಲಿಲ್ಲ. ಅವನು ಏಳೆಂಟು ಸಲ ಸೀನಿದ. ಪಕ್ಕದ ಮೇಜಿನವನು ಓಡಿ ಬಂದ. ಇನ್ನು ನನಗೆ ಜೈಲೇ ಗತಿ ಅಂದುಕೊಂಡೆ. ಸೀನಿದವನು ಕಣ್ಣೊರೆಸಿಕೊಂಡು, ಡಬ್ಬಿಯ ಮುಚ್ಚಳ ಭದ್ರವಾಗಿ ಹಾಕಿ, ಎರಡೂ ಕೈಯಲ್ಲಿ ನನಗೆ ಹಿಂದಿರುಗಿಸಿ, "ಥ್ಯಾಂಕ್ಯೂ ಸರ್" ಎಂದ. ಸೀನು ಬರಿಸಿದ್ದಕ್ಕೆ ಥ್ಯಾಂಕ್ಸ್ ಹೇಳುವ ಸರ್ಕಾರಿ ನೌಕರನನ್ನು ನಾನು ಹುಟ್ಟಿದ ಮೇಲೆ ನೋಡಿರಲಿಲ್ಲ.

ಇನ್ನೊಂದು ಮಾತು ಇಲ್ಲೇ ಹೇಳಿಬಿಡುತ್ತೇನೆ. ನಾನು ಹದಿನೈದು ವರ್ಷ ಇಂಗ್ಲಿಷ್ ಪಾಠ ಮಾಡಿದವನು. ಆದರೆ ಅಲ್ಲಿಯವರು ಬಾಯಿ ತೆರೆದರೆ ಒಂದಕ್ಷರ ತಿಳಿಯಲಿಲ್ಲ. ನನ್ನ ಇಂಗ್ಲಿಷು ಅವರಿಗೂ ತಿಳಿಯಲಿಲ್ಲ. ಹಾಗಾಗಿ ಮುಂದೆ ಆ ದೊರೆಗಳು ನಮ್ಮ ಕಡೆಯ ಕನ್ನಡದಲ್ಲಿ ಮಾತಾಡಿದಂತೆ ಕಂಡರೆ ಆಶ್ಚರ್ಯಪಡಬೇಡಿ. ಅದು ಶಾರದಾ ನನಗೆ ತಿಳಿಸಿ ಹೇಳಿದ ಮಾತು.

ಶಾರದಾಳ ಮನೆ

ಬನಿಯನ್ನು, ಕಾಲುಚೀಲ ನೇಯುವ ಮಿಲ್ಲುಗಳ ಊರು. ಎಲ್ಲ ಮನೆಯೂ ಕೆಂಪು ಇಟ್ಟಿಗೆಯದು, ಒಂದಕ್ಕೊಂದು ಅಂಟಿಕೊಂಡಿವೆ. ಮೊದಲ ದಿನವೇ ಹೊರಗೆ ಹೋಗಿ ವಾಪಸು ಬರುವಾಗ ಬೇರೆಯವರ ಮನೆಯ ಬಾಗಿಲು ತಟ್ಟಿದೆ. ಸ್ವೆಟರ್ ಹೆಣೆಯುತ್ತಿದ್ದ ಹೆಂಗಸು ನನ್ನನ್ನು ಒಳಗೆ ಕೂರಿಸಿ, ಚಹಾ ಕೊಟ್ಟು, ಆಮೇಲೆ ಕೈಹಿಡಿದು ಮೂರನೇ ಮನೆಗೆ ಕರೆತಂದು ಬಿಟ್ಟಳು.

ಶಾರದಾ ತೆಳ್ಳಗಾಗಿದ್ದಳು. ಕೂದಲು ಅಲ್ಲಲ್ಲಿ ಬೆಳ್ಳಗಾಗಿತ್ತು. ಮನೆಯಲ್ಲಿ ಎರಡು ಕೋಣೆ. ಒಂದರಲ್ಲಿ ಸಣ್ಣ ಮಂಚ, ಅದರ ಮೇಲೆ ಹೂವಿನ ಚಾದರ. ಅಲ್ಲಿ ಯಾರೂ ಮಲಗುತ್ತಿರಲಿಲ್ಲ. ನನಗೂ ಆ ಕೋಣೆ ಕೊಡಲಿಲ್ಲ, ಮುಂದಿನ ಕೋಣೆಯ ಸೋಫಾ ಮೇಲೆ ಹಾಸಿಕೊಟ್ಟಳು. ಗೂಟಕ್ಕೆ ನೇತುಹಾಕಿದ್ದ ಕೆಂಪು ಕೋಟು ಐದು ವರ್ಷದ ಕೂಸಿನ ಅಳತೆಯದು. ಉಮಾಗೆ ಒಂಬತ್ತು ತುಂಬಿತ್ತು.

ಎರಡನೇ ದಿನ ಬೆಳಿಗ್ಗೆ ಅವಳು ಡ್ಯೂಟಿಗೆ ಹೊರಡುವ ಮುನ್ನ ಒಂದು ಕಾಗದವನ್ನು ನನ್ನ ಚಹಾ ಬಟ್ಟಲಿನ ಪಕ್ಕ ಇಟ್ಟಳು. "ಇದು ಅವ್ರು ಯಾಕ ಒಲ್ಲೆ ಅಂದ್ರು ಅಂತ ಬರ್ದಿದ್ದು. ಓದು ಅಣ್ಣಾ" ಎಂದಳು. ಮುಖ ನೋಡದೆ ಹೋದಳು.

ಓದಿದೆ. ಬರೆದ ಇಂಗ್ಲಿಷು ನನಗೆ ಚೆನ್ನಾಗಿಯೇ ತಿಳಿಯುತ್ತದೆ, ಅದೇ ನನ್ನ ಕರ್ಮ. ಅದರಲ್ಲಿ ಹೀಗಿತ್ತು: ಶಾಲೆಯ ದಾಖಲೆ ಪ್ರಕಾರ ಮಗು ಹುಟ್ಟಿದ್ದು ಇಂಥ ವರ್ಷದ ಜೂನ್ ಒಂದರಂದು. ನರ್ಸಿಂಗ್ ಶಾಲೆಯ ದಾಖಲೆ ಪ್ರಕಾರ ಅದೇ ಜೂನ್ ಒಂದರಂದು ಅರ್ಜಿದಾರಳು ಬಳ್ಳಾರಿಯಲ್ಲಿ ಪರೀಕ್ಷೆಗೆ ಕುಳಿತಿದ್ದಾಳೆ, ಆ ತಿಂಗಳು ಒಂದು ದಿನವೂ ರಜೆ ಹಾಕಿಲ್ಲ. ಆದ್ದರಿಂದ ಈ ಮಗು ಅವಳದ್ದೆಂದು ನಂಬಲಾಗದು. ಮೇಲಾಗಿ, ನಿನ್ನ ತಾಯಿ ಎಲ್ಲಿದ್ದಾಳೆ ಎಂದು ಮಗುವನ್ನು ಕೇಳಿದಾಗ, ಊರಿನಲ್ಲಿ, ಮನೆಯಲ್ಲಿ, ಎಂದು ಅದು ಉತ್ತರಿಸಿದೆ.

ಕಾಗದವನ್ನು ಮತ್ತೆ ಮೊದಲಿಂದ ಓದಿದೆ. ಆ ಜೂನ್ ಒಂದು ನನ್ನ ಕೈಬರಹ.

ನಮ್ಮ ಕಡೆಯವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ತಂದೆತಾಯಿ ಮಗುವನ್ನು ಶಾಲೆಗೆ ಕರೆತರುತ್ತಾರೆ. ಹುಟ್ಟಿದ್ದು ಯಾವಾಗ ಎಂದರೆ "ದೊಡ್ಡ ಮಳಿ ಬಂದಿತ್ತಲ್ರಿ, ಅದರ ಹಿಂದಾಗಡೆ" ಎನ್ನುತ್ತಾರೆ. ಮಾಸ್ತರನು ಮಗುವಿನ ಬಲಗೈಯನ್ನು ತಲೆಯ ಮೇಲಿಂದ ಎಡಗಿವಿಗೆ ಮುಟ್ಟಿಸಿ ನೋಡುತ್ತಾನೆ, ಜೂನ್ ಒಂದು ಎಂದು ಬರೆಯುತ್ತಾನೆ. ಶಾಲೆ ಶುರುವಾಗುವುದು ಅಂದೇ, ಲೆಕ್ಕಕ್ಕೆ ಸುಲಭ. ನನ್ನ ಶಾಲೆಯ ಮಕ್ಕಳೆಲ್ಲ ಒಂದೇ ದಿನ ಹುಟ್ಟಿದವರು. ಉಮಾಗೆ ಇನ್ನೂ ನಾಲ್ಕು ತುಂಬಿರಲಿಲ್ಲ, ನನ್ನ ಅಂಗಿ ಹಿಡಿದುಕೊಂಡು ದಿನಾ ಶಾಲೆಗೆ ಬಂದು ಒಂದನೇ ತರಗತಿಯಲ್ಲಿ ಕೂರುತ್ತಿದ್ದಳು. ಐದು ತುಂಬದೆ ಹೆಸರು ಹಚ್ಚುವಂತಿಲ್ಲ. ಹಚ್ಚಿದೆ. ವರ್ಷವನ್ನು ಒಂದು ಹಿಂದಕ್ಕೆ ತಳ್ಳಿ, ಅದೇ ಜೂನ್ ಒಂದು ಬರೆದೆ. ಒಂದು ನಿಮಿಷದ ಕೆಲಸ. ಆ ಒಂದು ನಿಮಿಷಕ್ಕೆ ನನ್ನ ತಂಗಿ ಸಣ್ಣ ಮಂಚಕ್ಕೆ ಚಾದರ ಹಾಸಿಕೊಂಡು ಕುಳಿತಿದ್ದಳು.

ಸಂಜೆ ಶಾರದಾ ಬಂದಳು. ಹೇಳಬೇಕಿತ್ತು. ಹೇಳಲಿಲ್ಲ. ಹೆಡ್‌ಮಾಸ್ತರನ ನಾಲಿಗೆ ಬೇರೆಯವರ ತಪ್ಪಿಗೆ ಮಾತ್ರ ಬೇಗ ಏಳುತ್ತದೆ. "ಓದಿದೆ. ನೋಡೋಣು ಬಿಡು" ಎಂದೆ. ಅವಳು "ಹೂಂ" ಎಂದು ಅನ್ನಕ್ಕಿಟ್ಟಳು.

ಶನಿವಾರ

ಎಂ.ಪಿ. ಜನರನ್ನು ನೋಡುತ್ತಿದ್ದದ್ದು ಒಂದು ಪ್ರಾಥಮಿಕ ಶಾಲೆಯಲ್ಲಿ. ಅಲ್ಲಿ ಎಂ.ಪಿ.ಯಾದವನು ವಾರದ ದಿನ ಲಂಡನ್ನಿನಲ್ಲಿದ್ದು, ವಾರದ ಕೊನೆಗೆ ಊರಿಗೆ ಬಂದು, ಬಂದವರ ದೂರು ಒಬ್ಬೊಬ್ಬರಾಗಿ ಕೇಳಬೇಕಂತೆ. ನಾನು ಪೊಲೀಸರನ್ನು ಹುಡುಕಿದೆ, ಜೀಪುಗಳನ್ನು ಹುಡುಕಿದೆ, ಬಾಗಿಲಲ್ಲಿ ನಿಂತು "ಸಾಹೇಬ್ರು ಪೂಜಾದಾಗ ಅದಾರ" ಎನ್ನುವ ಆಳನ್ನು ಹುಡುಕಿದೆ. ಒಬ್ಬರೂ ಇರಲಿಲ್ಲ. ಗೋಡೆಗೆ ಒರಗಿಸಿದ ಒಂದು ಹಳೇ ಸೈಕಲ್ ಇತ್ತು. ಅದೇ ಅವನದು.

ಹಾಲ್‌ನಲ್ಲಿ ಮಕ್ಕಳ ಕುರ್ಚಿಗಳ ಸಾಲು. ಹದಿನೈದು ಜನ ನಮಗಿಂತ ಮುಂಚೆ ಬಂದಿದ್ದರು. ನಾನು ಹಗರಿಬೊಮ್ಮನಹಳ್ಳಿ ಬಸ್‌ಸ್ಟ್ಯಾಂಡಿನಲ್ಲಿ ತಯಾರಾದ ಪ್ರಾಣಿ. ಕೈ ತಾನೇ ಹೋಯಿತು: ಹೆಗಲ ಮೇಲಿನ ಟವೆಲ್ ತೆಗೆದು ಎಲ್ಲರ ತಲೆಯ ಮೇಲಿಂದ ಮೊದಲ ಕುರ್ಚಿಗೆ ಎಸೆದೆ. ನಮ್ಮಲ್ಲಾದರೆ ಆ ಸೀಟು ನನ್ನದು, ಯಾರೂ ಕೇಳುವಂತಿಲ್ಲ. ಅಲ್ಲಿ, ಹೆಸರು ಬರೆದುಕೊಳ್ಳುತ್ತಿದ್ದ ಐವಿ ಎಂಬ ಮುದುಕಿ ಎದ್ದು, ಟವೆಲ್ ಎತ್ತಿ, ಧೂಳು ಕೊಡವಿ, ನಾಲ್ಕು ಮಡಿಕೆ ಮಾಡಿ ತಂದು, "ನಿಮ್ಮದು ಬಿದ್ದಿತ್ತು" ಎಂದು ನನ್ನ ಕೈಗಿಟ್ಟಳು. ಶಾರದಾ ಬೇರೆ ಕಡೆ ನೋಡಿದಳು. ನಾನು ಸಾಲಿನ ಕೊನೆಯಲ್ಲಿ ಮಂಡಿ ಗಲ್ಲಕ್ಕೆ ತಾಗುವಂತೆ ಮಕ್ಕಳ ಕುರ್ಚಿಯಲ್ಲಿ ಕುಳಿತೆ. ನನ್ನ ಮುಂದೆ ಸೂಟು ಹಾಕಿದ ಮಿಲ್ ಮಾಲೀಕ. ಅವನ ಮುಂದೆ ಬುಟ್ಟಿಯಲ್ಲಿ ಬೆಕ್ಕು ಇಟ್ಟುಕೊಂಡ ಹೆಂಗಸು. ಮಾಲೀಕ ಬೆಕ್ಕಿನ ಹಿಂದೆ ಒಂದು ಗಂಟೆ ಕುಳಿತಿದ್ದ. ಅಬ್ಬಬ್ಬಾ, ಅದನ್ನು ನೋಡುವುದಕ್ಕೇ ಅಷ್ಟು ದೂರ ಹೋಗಿ ಬರಬಹುದು.

ಕಾಯುವಾಗ ಐವಿ ಮುದುಕಿ ಎಂ.ಪಿ.ಯ ಕಥೆ ಹೇಳಿದಳು. ಹೆಸರು ಲೆನ್ ಹ್ಯಾಡ್ಲೋ. ತಂದೆ ಕಲ್ಲಿದ್ದಲು ಗಣಿಯಲ್ಲಿ ಸತ್ತ. ತಾಯಿ ಐವಿಯ ಜೊತೆಗೇ ಮಿಲ್ಲಿನಲ್ಲಿ ಕಾಲುಚೀಲದ ಬೆರಳ ತುದಿ ಹೊಲಿಯುತ್ತಿದ್ದಳು. ಹದಿನೈದಕ್ಕೆ ಶಾಲೆ ಬಿಟ್ಟು ಪೋಸ್ಟಿನ ಕೆಲಸಕ್ಕೆ ಸೇರಿದ. ಆಮೇಲೆ ಪೋಸ್ಟ್‌ಮ್ಯಾನರ ಸಂಘದ ಕಾರ್ಯದರ್ಶಿ, ಆಮೇಲೆ ಊರ ಪುರಸಭೆಯ ಸದಸ್ಯ. ಪಾರ್ಲಿಮೆಂಟಿಗೆ ಎರಡು ಸಲ ನಿಂತು ಸೋತ. ಸೋತ ಮರುದಿನ ಬೆಳಿಗ್ಗೆ ಅದೇ ಚೀಲ ಹೆಗಲಿಗೆ ಹಾಕಿಕೊಂಡು, ತನಗೆ ಓಟು ಹಾಕದವರ ಮನೆಗೂ ಕಾಗದ ಕೊಟ್ಟು ಬಂದ. ಮೂರನೇ ಸಲ ಒಂದೆರಡು ಬಸ್ಸಿಗೆ ಹಿಡಿಯುವಷ್ಟು ಓಟಿನಿಂದ ಗೆದ್ದ. "ಎಲ್ಲಾರ ಮನಿ ನಾಯಿನೂ ಅವಂಗ ಗೊತ್ತು" ಎಂದಳು ಐವಿ. ನಮ್ಮ ಎಂ.ಪಿ. ನಮ್ಮ ಊರಿನ ಹೆಸರನ್ನು ಭಾಷಣದಲ್ಲಿ ಎರಡು ಸಲ ತಪ್ಪಾಗಿ ಹೇಳಿದ್ದು ನನಗೆ ನೆನಪಾಯಿತು.

ನಮ್ಮ ಸರದಿ ಬಂತು. ಐವತ್ತರ ಹತ್ತಿರದ ಗುಂಡು ಮುಖದ ಮನುಷ್ಯ, ಒಂದು ಹೆಗಲು ಕೊಂಚ ಕೆಳಗೆ. ಅವನೂ ಮಕ್ಕಳ ಕುರ್ಚಿಯಲ್ಲೇ ಕುಳಿತಿದ್ದ. ನಾನು ಸೋದರಮಾವನ ಮಾತಿನಂತೆ ನಿಂತೇ ಇದ್ದೆ. ನಾನು ಕೂರುವವರೆಗೆ ಅವನೂ ನಿಂತ. ಗಂಧದ ಹಾರ ಹಾಕಿದೆ. ಕಣ್ಣರಳಿಸಿ ನೋಡಿಕೊಂಡ. ನಮ್ಮವರಾದರೆ ಹಾಕಿದ ಕ್ಷಣ ತೆಗೆದು ಹಿಂದಿನವನ ಕೈಗೆ ಕೊಡುತ್ತಾರೆ. ಇವನು ಅಂದು ಸಭೆ ಮುಗಿಯುವವರೆಗೂ, ಚರಂಡಿಯ ದೂರು, ಬಾಡಿಗೆಯ ದೂರು, ಎಲ್ಲವನ್ನೂ ಹಾರ ಹಾಕಿಕೊಂಡೇ ಕೇಳಿದ. ತೆಗೆಯುವುದು ಅವಮರ್ಯಾದೆ ಎಂದುಕೊಂಡನೋ ಏನೋ.

ನಿರಾಕರಣೆಯ ಕಾಗದ ಓದಿದ. ನನ್ನ ಹಸಿರು ಸಹಿಯ ನಕಲು ಓದಿದ. ತಲೆಯೆತ್ತಿ ಕೇಳಿದ್ದನ್ನು ಶಾರದಾ ಹೇಳಿದಳು: "ಒಂದ ದಿನ ಪರೀಕ್ಷಿ ಬರದು, ಅದ ದಿನ ಹಡಿಯಾಕ ಆಗಂಗಿಲ್ಲ. ಎರಡ್ರಾಗ ಒಂದ್ ಸುಳ್ಳು. ಯಾವ್ದು ಅಂತ ಕೇಳ್ತಾರ."

"ನಂದು" ಎಂದೆ. "ನಾನ ಬರ್ದಿದ್ದು ಸುಳ್ಳು ಶಾರೀ. ವರ್ಷಾನೂ ಸುಳ್ಳು, ತಾರೀಖೂ ಸುಳ್ಳು. ಸಾಲಿಗೆ ಹಚ್ಚಾಕ ಬರ್ದೆ. ನಿನ್ನ ಮುಂದ ಹೇಳಾಕ ನಾಚಿಕಿ ಆತು."

ಅವಳು ತಕ್ಷಣ ಅನುವಾದಿಸಲಿಲ್ಲ. "ನಂಗ ಗೊತ್ತಿತ್ತಣ್ಣಾ" ಎಂದಳು. "ಕಾಗದ ಬಂದ ದಿನಾನ ಗೊತ್ತಾತು. ನೀನ ಬಾಯಿಬಿಟ್ಟು ಹೇಳ್ಲಿ ಅಂತ ಕಾಯ್ಕಂತ ಕುಂತೆ." ಆಮೇಲೆ ಹ್ಯಾಡ್ಲೋ ಕಡೆ ತಿರುಗಿ ಇಂಗ್ಲಿಷಿನಲ್ಲಿ ಹೇಳಿದಳು.

ಅವನು ನಂಬಲಿಲ್ಲ. ಮಕ್ಕಳೆಲ್ಲ ಜೂನ್ ಒಂದಕ್ಕೆ ಹುಟ್ಟುವ ಊರು ಇರಲು ಸಾಧ್ಯವೇ? ನಿಮ್ಮ ಪಾಸ್‌ಪೋರ್ಟ್ ತೋರಿಸಿ ಎಂದ. ಕೊಟ್ಟೆ. ಜನ್ಮದಿನ ಜೂನ್ ಒಂದು. ನನ್ನನ್ನು ಶಾಲೆಗೆ ಹಚ್ಚಿದ ಹಳೇ ಮಾಸ್ತರರ ಕೃಪೆ. ಶಾರದಾಳ ಕಡೆ ಕೈ ಚಾಚಿದ. ಅವಳ ಚೀಲದಲ್ಲಿದ್ದ ಪಾಸ್‌ಪೋರ್ಟಿನಲ್ಲೂ ಜೂನ್ ಒಂದು. ಹ್ಯಾಡ್ಲೋ ಎರಡನ್ನೂ ಅಕ್ಕಪಕ್ಕ ಇಟ್ಟು, ಉಮಾಳ ನಕಲನ್ನು ಅದರ ಪಕ್ಕ ಇಟ್ಟು, ಮೊದಲು ಮೂಗಿನಲ್ಲಿ ನಕ್ಕ, ಆಮೇಲೆ ಕುರ್ಚಿ ಅಲುಗಾಡುವ ಹಾಗೆ ನಕ್ಕ. ನಾವೂ ನಕ್ಕೆವು. ಅಷ್ಟು ದಿನದಲ್ಲಿ ಶಾರದಾ ನಕ್ಕದ್ದು ಅದೇ ಮೊದಲು.

ನಗು ನಿಂತ ಮೇಲೆ ಅವನು ಕಾಗದದ ಕೊನೆಯ ಸಾಲಿಗೆ ಬೆರಳಿಟ್ಟು ಏನೋ ಕೇಳಿದ. ಶಾರದಾ ಆ ಕಾಗದವನ್ನು ತನ್ನ ಕಡೆ ಎಳೆದುಕೊಂಡಳು.

"ಏನಂತಾರ?" ಎಂದೆ.

"ಕೂಸು ಯಾರ್ನ ಅವ್ವ ಅಂತ ಕರೀತೈತಿ, ಅಂತ ಕೇಳ್ತಾರ" ಎಂದಳು.

ಏನು ಹೇಳಲಿ? ಒಂದು ಸಲ ರಜೆಯಲ್ಲಿ ಶಾರದಾ ಊರಿಗೆ ಬಂದಾಗ ಉಮಾ ನೀಲಮ್ಮನ ಸೆರಗಿನಲ್ಲಿ ಮುಖ ಹುದುಗಿಸಿಕೊಂಡು ಮೂರು ದಿನ ಹೊರಗೆ ಬಂದಿರಲಿಲ್ಲ. "ನೀಲಮ್ಮನ್ನ" ಎಂದೆ. ನನ್ನ ತಂಗಿ ಅದನ್ನು ತನ್ನ ಬಾಯಿಂದಲೇ ಇಂಗ್ಲಿಷಿನಲ್ಲಿ ಹೇಳಿದಳು.

ಇನ್ನೊಂದು ಪ್ರಶ್ನೆ ಬಂತು. "ಹಂಗಾರ ನೀಲಮ್ಮನ್ನ ಯಾರಾರ ಕೇಳೀರೇನು, ಅಂತಾರ."

ಏಳು ವರ್ಷದಲ್ಲಿ ನಾನು ಕೇಳಿರಲಿಲ್ಲ, ಅವಳು ಕೇಳಿರಲಿಲ್ಲ. ಎಂಟು ಸಾವಿರ ಕಿಲೋಮೀಟರ್ ದೂರದ ಒಬ್ಬ ಪೋಸ್ಟ್‌ಮ್ಯಾನ್ ಕೇಳಿದ. ನಾನು ಸಾಯುವವರೆಗೂ ಆ ಮನುಷ್ಯನನ್ನು ಮರೆಯುವುದಿಲ್ಲ.

ಅವನು ಬಹಳ ಮಾತಾಡಲಿಲ್ಲ. ಹೆತ್ತವಳಿಗೆ ಮಗು ಸೇರಬೇಕು, ಮಂತ್ರಿಯ ಹತ್ತಿರ ನಾನೇ ಹೋಗುತ್ತೇನೆ, ಆದರೆ ತಾರೀಖು ಸುಳ್ಳೆಂದು ಬರೆದವರೇ ಬರೆದುಕೊಡಬೇಕು, ಎಂದ. ಮತ್ತೆ ಹೇಳಿದ: ಬರೆಯಿರಿ ಎಂದು ನಾನು ಒತ್ತಾಯ ಮಾಡುವುದಿಲ್ಲ, ಇದು ನಿಮ್ಮ ಮೇಲಧಿಕಾರಿಗಳ ಕಣ್ಣಿಗೆ ಬಿದ್ದರೆ ನಿಮಗೆ ತೊಂದರೆ, ನಾನು ಮಧ್ಯಾಹ್ನ ಒಂದು ಗಂಟೆಯವರೆಗೆ ಇಲ್ಲೇ ಇರುತ್ತೇನೆ, ಚಹಾ ಕುಡಿಯುತ್ತಾ ಯೋಚಿಸಿ. ಹೇಳಿ, ತಾನೇ ಎದ್ದು ಹೋಗಿ ಎರಡು ಕಪ್ ಚಹಾ ತಂದಿಟ್ಟು, ಮುಂದಿನವರನ್ನು ಕರೆದ.

ನಾನು ಮೂಲೆಯ ಬೆಂಚಿನಲ್ಲಿ ಕುಳಿತೆ. ನಿಜ ಹೇಳುತ್ತೇನೆ, ನೌಕರಿಯ ಭಯ ಇತ್ತು. ಆದರೆ ಅದಕ್ಕಿಂತ ಕೆಟ್ಟ ಯೋಚನೆಯೊಂದು ಬಂತು. ಬರೆಯದಿದ್ದರೆ ಏನೂ ಆಗುವುದಿಲ್ಲ. ಉಮಾ ನಮ್ಮ ಮನೆಯಲ್ಲೇ ಇರುತ್ತಾಳೆ. ನೀಲಮ್ಮ ಅವಳ ತಲೆಗೆ ಎಣ್ಣೆ ಹಚ್ಚುತ್ತಾಳೆ, ನಾನು ಮಗ್ಗಿ ಕೇಳುತ್ತೇನೆ. ಸುಮ್ಮನಿದ್ದರೆ ಸಾಕು. ಅಣ್ಣನೆಂಬವನಿಗೆ ಇಂಥ ಆಸೆ ಹುಟ್ಟಬಾರದು, ಹುಟ್ಟಿತು. ಶಾರದಾ ಕಿಟಕಿಯ ಬಳಿ ಬೆನ್ನು ಮಾಡಿ ನಿಂತಿದ್ದಳು. ಗೋಡೆಯ ಮೇಲೆ ಅಲ್ಲಿಯ ಮಕ್ಕಳು ಬರೆದ ಚಿತ್ರಗಳಿದ್ದವು. ಅವಳು ಒಂದೊಂದರ ಕೆಳಗಿನ ಹೆಸರನ್ನೂ ಓದುತ್ತಿದ್ದಳು. ನಾನು ಪೆನ್ನು ತೆಗೆದೆ. ಒಂದು ಪುಟ ಬರೆದೆ, ತಪ್ಪಿಲ್ಲದ ಇಂಗ್ಲಿಷಿನಲ್ಲಿ, ಹೆಡ್‌ಮಾಸ್ತರ ಎಂದೇ ಸಹಿ ಮಾಡಿದೆ.

ಲಂಡನ್ನು

ನಾಲ್ಕು ದಿನ ಬಿಟ್ಟು ಅವನು ನಮ್ಮಿಬ್ಬರಿಗೂ ಪಾರ್ಲಿಮೆಂಟಿನ ಗ್ಯಾಲರಿಯ ಚೀಟಿ ಕಳಿಸಿದ. ಅಂದು ಅವನ ಮೊದಲ ಭಾಷಣ. ಆ ಕಟ್ಟಡದೊಳಗೆ ಕಾಲಿಟ್ಟಾಗ ನನ್ನ ಚಪ್ಪಲಿ ತಾನೇ ನಿಧಾನವಾಯಿತು. ಕೋಗಳಿಯ ಹಳೇ ಬಸದಿಯೊಳಗೆ ಹೋದಾಗ ಆಗುವಂತೆ, ಕಲ್ಲು ನಮ್ಮ ಮಾತನ್ನು ಕಡಿಮೆ ಮಾಡಿಸಿತು.

ಮೇಲಿಂದ ನೋಡಿದರೆ ಹಸಿರು ಬೆಂಚುಗಳು. ಇಷ್ಟು ದೊಡ್ಡ ದೇಶ ಆಳುವ ಸಭೆಯಲ್ಲಿ ಎಲ್ಲ ಸದಸ್ಯರಿಗೂ ಕೂರಲು ಜಾಗವೇ ಇಲ್ಲ! ಯಾರ ಸೀಟೂ ಖಾಯಂ ಅಲ್ಲವಂತೆ. ಬೇಕಾದವರು ಬೆಳಿಗ್ಗೆ ಮುಂಚೆ ಬಂದು ಬೆಂಚಿನ ಮೇಲೆ ತಮ್ಮ ಹೆಸರಿನ ಚೀಟಿ ಇಟ್ಟು ಜಾಗ ಹಿಡಿಯಬೇಕು. "ಶಾರೀ, ಇದು ಟವೆಲ್ ಅಲ್ಲೇನ!" ಎಂದೆ. ಅವಳು ಬಾಯಿಗೆ ಕೈ ಅಡ್ಡ ಹಿಡಿದು ನಕ್ಕಳು. ಹಗರಿಬೊಮ್ಮನಹಳ್ಳಿಯ ಮಾನ ಉಳಿಯಿತು.

ಹ್ಯಾಡ್ಲೋ ಎದ್ದ. ಹೊಸಬನ ಮೊದಲ ಭಾಷಣಕ್ಕೆ ಯಾರೂ ಅಡ್ಡಬಾಯಿ ಹಾಕಬಾರದೆಂಬ ಪದ್ಧತಿ. ಸಭೆ ಸುಮ್ಮನೆ ಕೇಳಿತು. ಎದುರು ಪಕ್ಷದವರು ತಲೆದೂಗಿದರು. ಅವನು ಕೂತಾಗ ನಾನು ತಡೆಯಲಾರದೆ ಚಪ್ಪಾಳೆ ತಟ್ಟಿದೆ. ಎರಡೇ ತಟ್ಟು, ಆದರೆ ಗ್ಯಾಲರಿಯಲ್ಲಿ ಚಪ್ಪಾಳೆ ತಟ್ಟುವಂತಿಲ್ಲವಂತೆ. ಕಪ್ಪು ಕೋಟಿನವನೊಬ್ಬ ಬಂದು ನನ್ನ ಮುಂದೆ ನಿಂತು, ನೋಡಿ, ಏನೂ ಹೇಳದೆ ಹೋದ. ಬೈದಿದ್ದರೆ ವಾಸಿಯಿತ್ತು.

ಹೊರಗೆ ಬಂದ ಮೇಲೆ ಶಾರದಾ ಭಾಷಣದ ಸಾರ ಹೇಳಿದಳು. ಅಲ್ಲಿ ಮೊದಲ ಭಾಷಣದಲ್ಲಿ ತನಗಿಂತ ಮುಂಚೆ ಆ ಸ್ಥಾನದಲ್ಲಿದ್ದವರನ್ನು ಹೊಗಳಬೇಕಂತೆ. ಅಂ‍ದರೆ ತಾನು ಸೋಲಿಸಿದವನನ್ನೇ! ಹ್ಯಾಡ್ಲೋ ಹೇಳಿದ್ದು: "ಇಪ್ಪತ್ತು ವರ್ಷ ಆ ಮಹನೀಯರ ಮನೆಗೆ ಕಾಗದ ಹೊತ್ತವನು ನಾನು. ಊರಿನ ಎಷ್ಟು ಜನ ಅವರನ್ನು ನಂಬಿ ಕಷ್ಟ ಬರೆದುಕೊಳ್ಳುತ್ತಿದ್ದರು ಎಂಬುದು ನನ್ನ ಹೆಗಲಿಗೆ ಗೊತ್ತು. ಅದೇ ಭಾರವನ್ನು ಈಗ ನಾನು ತೆರೆದು ಓದಬೇಕಾಗಿದೆ." ನಮ್ಮಲ್ಲಿ ಗೆದ್ದವರು ಸೋತವರ ಮನೆ ಮುಂದೆ ಪಟಾಕಿ ಸುಡುವುದನ್ನು ನೋಡಿ ಬೆಳೆದವನು ನಾನು.

ದೊಡ್ಡ ಗುಮ್ಮಟದ ಕೆಳಗೆ ನಮ್ಮನ್ನು ನಿಲ್ಲಿಸಿ ಅವನು ಮತ ಹಾಕಲು ಹೋದ. ಅಲ್ಲಿ ಮತ ಹಾಕುವುದು ಕೈ ಎತ್ತಿ ಅಲ್ಲ. ಹೌದು ಎನ್ನುವವರು ಒಂದು ಓಣಿಯಲ್ಲಿ, ಇಲ್ಲ ಎನ್ನುವವರು ಇನ್ನೊಂದು ಓಣಿಯಲ್ಲಿ ನಡೆದುಹೋಗಬೇಕು, ಮಂತ್ರಿಯಾದರೂ ಅಷ್ಟೇ. ಇವನೂ ಮಂತ್ರಿಯೂ ಒಂದೇ ಪಕ್ಷ, ಒಂದೇ ಓಣಿ. ಅರ್ಧ ಗಂಟೆಯ ಮೇಲೆ ಕೈ ಉಜ್ಜಿಕೊಳ್ಳುತ್ತಾ ಬಂದ.

"ನೀ ಬರ್ದಿದ್ದನ್ನ ಮಿನಿಸ್ಟರ ಕೈಯಾಗ ಕೊಟ್ರಂತ" ಎಂದಳು ಶಾರದಾ. "ಜೂನ್ ಒಂದರ ವಿಷ್ಯ ಹೇಳಿದ್ಕ ಮಿನಿಸ್ಟರು ನಕ್ರಂತ. ನಕ್ಕೋರು ತೆಗೆದು ಓದ್ತಾರ ಅಂತಾರ ಇವ್ರು."

ಬೀಳ್ಕೊಡುವಾಗ ಅವನು ಜೇಬಿನಿಂದ ಸಣ್ಣ ಪುಸ್ತಕ ತೆಗೆದು ನೀಲಮ್ಮನ ಪೂರ್ತಿ ವಿಳಾಸ ಬರೆದುಕೊಂಡ. ಕೂಡ್ಲಿಗಿಯ ಅಕ್ಷರಗಳನ್ನು ಒಂದೊಂದಾಗಿ ಹೇಳಿಸಿಕೊಂಡು, ಸರಿಯಿದೆಯೇ ಎಂದು ನನಗೆ ತೋರಿಸಿದ. ಯಾಕೆಂದು ನಾನು ಕೇಳಲಿಲ್ಲ.

ಮತ್ತೆ ಹೊಸಹಳ್ಳಿ

ಊರಿಗೆ ಬಂದು ಇನ್‌ಸ್ಪೆಕ್ಟರರ ಮುಂದೆ ನಾನೇ ತಪ್ಪೊಪ್ಪಿಕೊಂಡು ರಿಜಿಸ್ಟರ್ ತಿದ್ದಲು ಅರ್ಜಿ ಕೊಟ್ಟೆ. ಮೆಮೋ ಬಂತು, ಒಂದು ಇಂಕ್ರಿಮೆಂಟ್ ಹೋಯಿತು, ನೌಕರಿ ಉಳಿಯಿತು. ಮಾಡಿದ್ದುಣ್ಣೋ ಮಹರಾಯ. ನೀಲಮ್ಮನಿಗೆ ಸೀನಿದವನ ಕಥೆ ಹೇಳಿದೆ, ಟವೆಲಿನ ಕಥೆ ಹೇಳಿದೆ, ಸೋತವನನ್ನು ಹೊಗಳಿದ ಕಥೆ ಹೇಳಿದೆ. ಹ್ಯಾಡ್ಲೋ ಕೇಳಿದ ಆ ಎರಡು ಪ್ರಶ್ನೆಗಳನ್ನು ಮಾತ್ರ ಹೇಳಲಿಲ್ಲ. ಹೇಳಲು ಮುಖವಿರಲಿಲ್ಲ.

ಯುಗಾದಿ ಮುಗಿದ ವಾರ ನಮ್ಮ ಊರಿನ ಪೋಸ್ಟ್‌ಮ್ಯಾನ್ ಬಂದು ಜಗಲಿಯಲ್ಲಿ ನಿಂತ. ಕೈ ಚಾಚಿದೆ. ಅವನು ಕೊಡಲಿಲ್ಲ.

"ನಿಮಗಲ್ರಿ ಮಾಸ್ತರ್ರ. ನೀಲಮ್ಮಾರ ಹೆಸರ್ಲೆ ಐತಿ. ಅವರ ಕೈಯಾಗ ಕೊಡ್ಬೇಕ್ರಿ."

ನೀಲಮ್ಮ ಹಿಟ್ಟಿನ ಕೈ ಒರೆಸಿಕೊಂಡು ಬಂದಳು. ಅವಳ ಹೆಸರಿಗೆ ಅದುವರೆಗೆ ಯಾರೂ ಕಾಗದ ಬರೆದಿರಲಿಲ್ಲ. ಲಕೋಟೆಯನ್ನು ತಿರುಗಿಸಿ ನೋಡಿ ನನಗೆ ಕೊಟ್ಟಳು. ಕೈಬರಹದ ಒಂದು ಪುಟ. ಕನ್ನಡ ಮಾಡಿ ಓದಿದೆ:

"ನೀಲಮ್ಮನವರೇ, ಮಗುವಿಗೆ ಇಲ್ಲಿಗೆ ಬರಲು ಅನುಮತಿ ಸಿಕ್ಕಿದೆ. ಇದರಿಂದ ಒಬ್ಬ ತಾಯಿಗೆ ಮಗಳು ಸಿಗುತ್ತಾಳೆ, ಇನ್ನೊಬ್ಬ ತಾಯಿಯ ಮನೆ ಬರಿದಾಗುತ್ತದೆ. ನಿಮ್ಮನ್ನು ಯಾರೂ ಒಂದು ಮಾತೂ ಕೇಳಲಿಲ್ಲವೆಂದು ತಿಳಿಯಿತು. ನಾನೂ ಕೇಳದೆಯೇ ಈ ಕೆಲಸ ಮಾಡಿದೆ. ಕ್ಷಮಿಸಿ. ಯಾವಾಗ ಕಳಿಸಬೇಕೆಂಬುದನ್ನು ನೀವೇ ಹೇಳಬೇಕು. ನೀವು ಹೇಳುವವರೆಗೆ ಯಾರೂ ಅವಸರ ಮಾಡಕೂಡದೆಂದು ಶಾರದಾ ಅವರಿಗೂ ಹೇಳಿದ್ದೇನೆ, ಅವರು ಒಪ್ಪಿದ್ದಾರೆ."

ನೀಲಮ್ಮ ಇನ್ನೊಮ್ಮೆ ಓದಿಸಿದಳು. "ಕ್ಷಮಿಸಿ ಅಂತ ಅವರ ಬರದಾರೇನ್ರಿ? ನೀವು ಸೇರ್ಸಿ ಓದಿದ್ದಲ್ಲಲ್ಲ?"

"ಅವರ ಬರದಾರ, ನೋಡು" ಎಂದು ಆ ಪದದ ಮೇಲೆ ಬೆರಳಿಟ್ಟೆ. ಅವಳಿಗೆ ಇಂಗ್ಲಿಷು ಬಾರದು. ಆದರೂ ಬಹಳ ಹೊತ್ತು ಆ ಪದ ನೋಡಿದಳು.

"ನೀವೂ ಕೇಳ್ಲಿಲ್ಲ, ಶಾರದಾನೂ ಕೇಳ್ಲಿಲ್ಲ" ಎಂದಳು. ಬೈದಂತೆ ಇರಲಿಲ್ಲ, ಇದ್ದದ್ದನ್ನು ಇದ್ದಂತೆ ಹೇಳಿದಳು. "ಕೇಳಿದ್ರ ಆಗ್ಲೂ ಕಳಸ್ತಿದ್ದೆ. ಹಡದಾಕಿ ಹೊಟ್ಟಿ ಸಂಕಟ ನನಗ ತಿಳ್ಯಂಗಿಲ್ಲ ಅನ್ಕಂಡಿದ್ರೇನು?"

ನಾನು ಕಾಗದವನ್ನು ಅವಳ ಕೈಗೆ ಕೊಟ್ಟೆ.

ಅವಳು ಕಾಗದವನ್ನು ಮಡಿಚಿ ಕುಪ್ಪಸದೊಳಗೆ ಇಟ್ಟುಕೊಂಡು ಅಂಗಳದ ಕಡೆ ಕೂಗಿದಳು. ಉಮಾ ಕುಂಟಾಬಿಲ್ಲೆ ಬಿಟ್ಟು ಓಡಿ ಬಂದಳು. ನೀಲಮ್ಮ ಅವಳ ಕೆದರಿದ ಜಡೆಯನ್ನು ಬಿಚ್ಚಿ, ಮೂರು ಎಳೆ ಮಾಡಿ, ಮತ್ತೆ ಹೆಣೆಯುತ್ತಾ ಹೇಳಿದಳು:

"ಈ ಸಾಲಿ ಪರೀಕ್ಷಿ ಮುಗಿದ್ಮ್ಯಾಲೆ ನೀ ಶಾರದಾನ ಮನಿಗೆ ಹೋಗ್ತಿ. ಅಲ್ಲಿತಂಕ ದಿನಾ ಒಂದಿಷ್ಟು ರೂಢಿ ಮಾಡ್ಕೋ. ಆಕೀನ್ನ ಅವ್ವ ಅನ್ನು. ನನ್ನ ಅತ್ತಿ ಅನ್ನು. ಎಲ್ಲಿ, ಒಮ್ಮೆ ಕರಿ ನೋಡೋಣು."